ಮಳೆ ಬೇಡವೆಂದವಳು

ಊರಿಗೆ ಊರೇ ಮಳೆಗಾಗಿ ಬಾಯಿಬಿಟ್ಟು ಕೂತಿದ್ದ ದಿನ, ಮಳೆ ಬೇಡವೆಂದವಳು ಒನೋಮೆ ಒಬ್ಬಳೇ.

ಕಾರಣ ಅಂಗಳದ ಚಾಪೆಗಳ ಮೇಲೆಯೇ ಹರಡಿತ್ತು. ಮಗಳು ರುಕೆಯನ್ನು ಕೇಳಲು ಮರುದಿನ ಹೊಳೆಯಾಚೆಯ ಬೀಗರು ಬರುವವರಿದ್ದರು. ಅವರ ಕೈಗೆ ಎರಡು ಬುಟ್ಟಿ ಮರಗೆಣಸು, ಹುದುಗಿಸಿ ಹಿಂಡಿ ಕಲ್ಲಿನಂತೆ ಒಣಗಿಸಿದ್ದು, ಕೊಡುತ್ತೇನೆಂದು ಅವಳು ತುಂಬಿದ ಸಂತೆಯಲ್ಲಿ ಮಾತು ಕೊಟ್ಟಿದ್ದಳು.

ಮಾತು ಕೊಟ್ಟಾಗ ಬೆಂಕಿಯಿತ್ತು. ಬೇಡದ ಅನಿಲ ಸುಡಲೆಂದು ಕಂಪನಿಯವರು ಹೊತ್ತಿಸಿದ, ಎಣ್ಣೆಬಾವಿಯ ಕೊಳವೆಯ ಬಾಯಲ್ಲಿ ಹಗಲೂ ರಾತ್ರಿಯೂ ಭುಸುಗುಡುತ್ತಿದ್ದ ಬೆಂಕಿ. ಒನೋಮೆ ಸೊಸೆಯಾಗಿ ಬಂದಾಗಲೂ ಅದು ಉರಿಯುತ್ತಿತ್ತು, ರುಕೆಯನ್ನು ಹೆತ್ತಾಗಲೂ. ತಗಡಿನ ಮಾಡುಗಳು ತೂತುಬಿದ್ದವು, ಮಳೆನೀರು ಮಸಿನೀರಾಯಿತು, ಮೀನುಗಳು ಹೊಳೆ ಬಿಟ್ಟವು. ಆದರೆ ಅದರ ಪಕ್ಕ ಹರವಿದ ಮರಗೆಣಸು ಬೇಗನೆ ಕಟಕಟ ಎನ್ನುತ್ತಿತ್ತು. ಕೆಮ್ಮುತ್ತಲೇ ಒಣಗಿಸಿ, ಮಾರಿ, ಹೆಂಗಸರು ಮಕ್ಕಳನ್ನು ಸಾಕಿದ್ದರು. ಕಳೆದ ತಿಂಗಳು ಕಂಪನಿಯವರು ಬೆಂಕಿ ಆರಿಸಿದಾಗ ಊರು ಡೋಲು ಬಡಿಯಿತು. ಒನೋಮೆಯೂ ಕುಣಿದಳು. ಬುಟ್ಟಿಗಳ ನೆನಪಾದದ್ದು ಕುಣಿದು ಸುಸ್ತಾದ ಮೇಲೆ.

ಈಗ ಬಿಸಿಲೇ ಗತಿ. ಇನ್ನೊಂದು ದಿನದ ಬಿಸಿಲು ಸಾಕಿತ್ತು. ಆದರೆ ಮೋಡ ಕಪ್ಪಾಗಿ ಗುಡ್ಡೆ ಹಾಕಿತ್ತು.

ಮಳೆ ತಡೆಯುವ ಒಕ್ಪಾಕೊ ತಾತನ ಬಳಿಗೆ ಓಡಿದಳು. ಮದುವೆಯಿರಲಿ, ಸಾವಿರಲಿ, ಆಕಾಶ ಹಿಡಿದಿಡಲು ಸುತ್ತಣ ಊರಿನವರೆಲ್ಲ ಕರೆಯುತ್ತಿದ್ದುದು ಅವನನ್ನೇ. ಅವಳು ಮಂಡಿಯೂರಿ ಕಾಣಿಕೆಯ ಜಿನ್ ಸಾರಾಯಿಯ ಬಾಟಲಿ ಮುಂದಿಟ್ಟಳು.

“ಏಳವ್ವ, ಏಳು. ಏನಾಯ್ತು?”

“ನಾಳೆ ಸಂಜೆ ತನಕ ಹಿಡಿದಿಡು ತಾತ. ನನ್ನ ಮಾನ ಚಾಪೆ ಮೇಲಿದೆ.”

ತಾತ ಬಾಟಲಿಯನ್ನು ಹಿಂದಕ್ಕೆ ತಳ್ಳಿದ. “ಜೀವಮಾನವೆಲ್ಲಾ ಮಸಿ ಮಳೆ ಓಡಿಸ್ದೆ. ಬೆಂಕಿ ಆರಿದ್ಮೇಲೆ ಬರೋ ಮೊದಲ್ನೇ ಮಳೇನ ಕುಡೀಬೇಕು ಅಂತ ಬೋಸಿ ತೊಳೆದಿಟ್ಕೊಂಡು ಕೂತಿದೀನಿ. ಅದನ್ನ ತಡಿ ಅಂತೀಯಲ್ಲೇ!”

“ಹಂಗಾದ್ರೆ ನಿನ್ನ ತಲೆ ಮೇಲೆ ಮಾತ್ರ ಸುರಿಸ್ಕೊ, ಮುದುಕಾ!”

“ಅಷ್ಟು ವಿದ್ಯೆ ಇದ್ದಿದ್ರೆ ಈ ಗುಡಿಸಲಲ್ಲಿ ಯಾಕಿರ್ತಿದ್ದೆ?”

ಮನೆ ಮುಟ್ಟುವಷ್ಟರಲ್ಲಿ ಹನಿ ಬಿತ್ತು. ಚಾಪೆ ಎತ್ತೋಣವೆಂದರೆ ನೆರವಿಗೆ ಯಾರೂ ಇಲ್ಲ. ಎಲ್ಲರೂ ಬಕೆಟ್ಟು, ಬೋಸಿ ಹಿಡಿದು ಬಯಲಿಗೆ ಓಡಿದ್ದರು.

“ರುಕೇ! ನಿನ್ನ ಮದುವೆ ನೆನೀತಿದೆ ಕಣೇ!”

“ನೆನೀಲಿ ಬಿಡವ್ವಾ, ನೀನೂ ಬಾ!”

ಒನೋಮೆ ಒಬ್ಬಳೇ ಒಂದು ಚಾಪೆ ಒಳಕ್ಕೆಳೆದಳು. ಉಳಿದವು ನೀರಲ್ಲಿ ತೇಲಿದವು. ರುಕೆ ಓಡಿಬಂದು ತುಂಬಿದ ಬೋಸಿಯನ್ನು ಅವ್ವನ ಮೂಗಿನಡಿ ಹಿಡಿದಳು. ತಳದಲ್ಲಿ ಬರೆದ ಕೆಂಪು ಹೂವು ಎಸಳೆಸಳಾಗಿ ಕಾಣುತ್ತಿತ್ತು. ಬೈಯಲು ತೆರೆದ ಬಾಯಿಯಿಂದಲೇ ಒನೋಮೆ ಒಂದು ಗುಟುಕು ಕುಡಿದಳು. ರುಚಿಯೇ ಇರಲಿಲ್ಲ. ಎಣ್ಣೆಯಿಲ್ಲ, ಹೊಗೆಯಿಲ್ಲ, ಏನೆಂದರೆ ಏನೂ ಇಲ್ಲ! ಅವಳಿಗೆ ನಗು ಉಕ್ಕಿತು. ಸೀರುಂಡೆ ಕಂಡ ಮಗುವಿನಂತೆ ಮತ್ತೆ ಬಗ್ಗಿ ಕುಡಿದಳು.

ಮರುದಿನ ನೆಂದ ಮರಗೆಣಸನ್ನೇ ಕುಟ್ಟಿ, ಬೇಯಿಸಿ, ಮುದ್ದೆ ಕಟ್ಟಿ, ತಾಳೆಹಣ್ಣಿನ ಸಾರಿನೊಂದಿಗೆ ಬೀಗರಿಗೆ ಬಡಿಸಿದಳು. ವರ ಟೇಗಾನ ಅವ್ವ ಕೈ ತೊಳೆಯುವ ಮೊದಲೇ ಕೇಳಿದಳು: “ಬುಟ್ಟಿ ಎಲ್ಲಿ?”

“ಮಳೆ ತಿಂತು,” ಎಂದಳು ಒನೋಮೆ.

ಬೀಗಿತ್ತಿ ಮುಂದಿದ್ದ ಲೋಟದ ನೀರು ಕುಡಿದಳು. ಲೋಟದೊಳಗೆ ಇಣುಕಿದಳು. ಇನ್ನೊಂದು ಕೇಳಿ ಕುಡಿದಳು.

“ಇದು ಮಳೇದಾ? ನಮ್ಮೂರ ಎಣ್ಣೆಬಾವಿ ಬೆಂಕಿ ಇನ್ನೂ ಉರೀತಾ ಇದೆ ಕಣವ್ವ,” ಎಂದಳು ಮೆಲ್ಲಗೆ. ಆಮೇಲೆ ದನಿಯೇರಿಸಿದಳು. “ಬುಟ್ಟಿ ಯಾರಿಗೆ ಬೇಕು? ಎರಡು ಕ್ಯಾನು ಇದನ್ನೇ ತುಂಬಿಸ್ಕೊಡು!”

“ಹೆಣ್ಣು ಕೊಡ್ತೀವಿ ಅಂದಿದ್ವಿ, ನೀರು ಕೊಡ್ತೀವಿ ಅಂದಿರ್ಲಿಲ್ಲ,” ಊರ ಹಿರಿಯನಾಗಿ ಊಟಕ್ಕೆ ಕೂತಿದ್ದ ಒಕ್ಪಾಕೊ ತಾತ ನಡುವೆ ಬಾಯಿ ಹಾಕಿದ.

“ಹೆಣ್ಣಿನ ಜೊತೆ ನೀರೂ ಬರಬೇಕು, ತಾತ. ನಮ್ಮ ಬೆಂಕಿ ಆರೋ ತನಕ.”

“ಹಂಗಾದ್ರೆ ಬೇಗ ಆರಿಸ್ರಿ. ಇಲ್ದಿದ್ರೆ ಮಗಳಿಗೆ ತವರಿಗೆ ಓಡಾಡೋದೇ ಕೆಲಸ ಆಗುತ್ತೆ,” ಎಂದ ಒನೋಮೆ ಆಗಲೇ ಸೆರಗು ಬಿಗಿದು, ದೋಣಿಯಿಂದ ಕ್ಯಾನು ತರಲು ಹುಡುಗರನ್ನು ಅಟ್ಟುತ್ತಿದ್ದಳು.