ಟಿಯೋನೆಯ ಸೋಫಾ ದ್ವೀಪಕ್ಕೆ ಹೋಗಲಿಲ್ಲ

ಪ್ರತಿ ವರ್ಷ ಮಾರ್ಚ್ ಬಂತೆಂದರೆ ನನ್ನ ತಲೆ ಕೆಡುತ್ತದೆ. ತಿಂಗಳ ಕೊನೆಗೆ ಬಿಲದಲ್ಲಿ ಗೂಡು ಮಾಡುವ ತೀತೀ ಎಂಬ ಕಡಲಹಕ್ಕಿಯ ಮರಿ ಹಿಡಿಯಲು ನ್ಯೂಜಿಲೆಂಡಿನ ದಕ್ಷಿಣ ತುದಿಯ ನಮ್ಮ ಮನೆತನದ ದ್ವೀಪಕ್ಕೆ ಹೊರಡಬೇಕು. ಮುತ್ತಜ್ಜಿಯರ ಕಾಲದಿಂದ ಬಂದ ಹಕ್ಕು ಅದು. ಇಲಿ ಸೇರಬಾರದೆಂದು ಸಾಮಾನನ್ನೆಲ್ಲ ಮುಚ್ಚಳದ ಬಕೆಟ್ಟಿಗೇ ತುಂಬಬೇಕು. ಇದನ್ನು ನನ್ನ ಗಂಡ ಟಿಯೋನೆಗೆ ಹೇಳುವುದು ಕೋಣನ ಮುಂದೆ ಕಿನ್ನರಿ ಬಾರಿಸಿದಂತೆ.

ಈ ಸಲ ಶೆಡ್ಡಿನಿಂದ ಹಳೇ ಸೋಫಾ ಎಳೆದು ತಂದರು. ದ್ವೀಪದ ಗುಡಿಸಲಿಗಂತೆ!

"ಸೊಂಟ ನೋವು ಕಣೇ. ಬೆಂಚಿನ ಮೇಲೆ ಕೂತು ಎರಡು ತಿಂಗಳು ಪುಕ್ಕ ಕೀಳೋಕಾಗಲ್ಲ."

"ವರ್ಷವಿಡೀ ಶೆಡ್ಡಲ್ಲಿ ಬಿದ್ದಿತ್ತು. ಒಳಗೇನು ಸೇರ್ಕೊಂಡಿದ್ಯೋ!"

"ಐವತ್ತು ವರ್ಷದಿಂದ ಹೋಗ್ತಿದ್ದೀನಿ. ಒಂದು ಇಲೀನೂ ನನ್ನ ಜೊತೆ ಬಂದಿಲ್ಲ."

"ಬಂದಿದ್ರೆ ನಿಮಗೆ ಹೇಳಿ ಬರ್ತಿತ್ತಾ?"

ದೋಣಿಗಳನ್ನು ತಪಾಸಣೆ ಮಾಡುವವಳು ನನ್ನ ನಾದಿನಿಯ ಮಗಳು ರಿಪೆಕಾ. ಅವಳನ್ನೇ ಕರೆಸಿದೆ. ಕಡಲೆಕಾಯಿ ಬೆಣ್ಣೆ ಸವರಿದ ಒಂದು ಪ್ಲಾಸ್ಟಿಕ್ ಚೀಟಿಯನ್ನು ಸೋಫಾದ ಸಂದಿಗೆ ತುರುಕಿದಳು.

"ಮಾವ, ನಾಳೆ ಇದರ ಮೇಲೆ ಹಲ್ಲಿನ ಗುರುತು ಇಲ್ದಿದ್ರೆ ನಾನೇ ಸೋಫಾ ಹೊತ್ತು ದೋಣಿಗೆ ಹಾಕ್ತೀನಿ."

ಮರುದಿನ ನೋಡಿದರೆ ಚೀಟಿಯ ಅಂಚೆಲ್ಲ ಕಡಿದು ಹೋಗಿತ್ತು.

"ಮೊಮ್ಮಗಳು ಕಚ್ಚಿರ್ಬೇಕು," ಅಂದರು ಟಿಯೋನೆ!

ನನಗೆ ತಡೆಯಲಾಗಲಿಲ್ಲ. ಅಡುಗೆಮನೆಯ ಚಾಕು ತಂದು ಸೋಫಾದ ಹೊಟ್ಟೆ ಸೀಳಿದೆ. ದಪ್ಪನೆಯ ಇಲಿಯೊಂದು ಚಂಗನೆ ಹಾರಿ ಓಡಿತು. ಒಳಗೆ ಕಣ್ಣು ಬಿಡದ ಏಳು ಮರಿಗಳಿದ್ದವು.

"ಮಾವ, ಇಂಥ ಒಂದು ತಾಯಿ ಇಲಿ ಸಾಕು," ಅಂದಳು ರಿಪೆಕಾ. "ತೀತೀ ಬಿಲಕ್ಕೆ ನುಗ್ಗಿ ಮೊಟ್ಟೆ, ಮರಿ ಎರಡೂ ತಿನ್ನತ್ತೆ. ಗುಡಿಸಲ ಸುತ್ತ ನೆಲದಲ್ಲೇ ಕುಪ್ಪಳಿಸೋ ನಿಮ್ಮ ಟೀಎಕೆ ಹಕ್ಕಿಗೆ ಇಲಿ ಕಂಡ್ರೆ ಹೆದರಬೇಕು ಅಂತಾನೂ ಗೊತ್ತಿಲ್ಲ. ನಿಮ್ಮ ಬೂಟಲ್ಲಿ ಮಲಗೋ ಹಲ್ಲಿ, ಬಂಡೆ ಮೇಲೆ ಬಿಸಿಲು ಕಾಯೋ ಹಾವುರಾಣಿ, ಯಾವುದೂ ಉಳಿಯಲ್ಲ. ಇಡೀ ನ್ಯೂಜಿಲೆಂಡಲ್ಲಿ ಇವಕ್ಕೆ ಜಾಗ ಇರೋದೇ ಇಂಥ ಇಲಿಯಿಲ್ಲದ ಕೆಲವು ಜಾಗದಲ್ಲಿ. ಪಕ್ಕದ ದ್ವೀಪ ಮರೆತುಬಿಟ್ರಾ?"

ಟಿಯೋನೆ ಮರೆತಿರಲಿಲ್ಲ. ಅವರ ಚಿಕ್ಕಂದಿನಲ್ಲಿ ಪಕ್ಕದ ದ್ವೀಪದ ಬೆಳಗಿನ ಹಕ್ಕಿ ಗದ್ದಲಕ್ಕೆ ಯಾರಿಗೂ ನಿದ್ದೆ ಬರುತ್ತಿರಲಿಲ್ಲವಂತೆ. ಇಲಿ ಸೇರಿ ಕೆಲವು ವರ್ಷಗಳಾದ ಮೇಲೆ ಹೋದಾಗ ಒಲೆಯ ಮೇಲಿನ ಕೆಟಲಿನ ಸದ್ದೊಂದೇ. ತಮ್ಮ ಅಪ್ಪ ಅತ್ತದ್ದನ್ನು ಅವರು ಕಂಡದ್ದು ಅವತ್ತು ಮಾತ್ರ.

"ಆ ಇಲಿ ಯಾರ ದೋಣೀಲಿ ಬಂತೋ ಇವತ್ತಿಗೂ ಗೊತ್ತಿಲ್ಲ," ಅಂದರು ಮೆಲ್ಲಗೆ. "ನಮ್ಮ ದೋಣೀಲಿ ಅಂತ ಆಗೋದು ಬೇಡ."

ಸಂಜೆಯೊಳಗೆ ಸೋಫಾ ಹಿತ್ತಲಲ್ಲಿ ಬೂದಿಯಾಯಿತು.

ಈಗ ಇನ್ನೊಂದು ಕಾಟ! ದೋಣಿ ಹತ್ತುವ ಬ್ಲಫ್ ಊರಿನ ಧಕ್ಕೆಯಲ್ಲಿ ಮುಚ್ಚಳ ಸಡಿಲವಾದ ಡಬ್ಬಿ ಕಂಡರೂ ಟಿಯೋನೆ ಕೂಗಾಡುತ್ತಾರೆ. ನನ್ನ ಕೈಚೀಲವನ್ನೇ ಮೂರು ಸಲ ಬಿಚ್ಚಿಸಿದರು.

"ಪೌಡರ್ ಡಬ್ಬೀಲಿ ಇಲಿ ಇರತ್ತೇನ್ರೀ?"

"ತೆಗಿ, ನೋಡೇಬಿಡೋಣ."

ದ್ವೀಪಕ್ಕೆ ಹೊರಟಿರುವ ಅಣ್ಣಂದಿರೇ, ಅಕ್ಕಂದಿರೇ, ದಮ್ಮಯ್ಯ, ಹಳೇ ಹಾಸಿಗೆ, ಸೋಫಾ, ಗೋಣಿಚೀಲ ಮನೆಯಲ್ಲೇ ಬಿಡಿ. ಬಕೆಟ್ಟಿನ ಮುಚ್ಚಳ ಬಿಗಿಯಾಗಿ ಹಾಕಿ. ದೋಣಿಯ ಮೂಲೆಮೂಲೆ ನೋಡಿ. ಸೊಂಟ ನೋವಿಗೆ ಎಣ್ಣೆ ಹಚ್ಚಬಹುದು. ಹೋದ ಹಕ್ಕಿಯನ್ನು ಯಾರೂ ವಾಪಸ್ ತರಲಾರರು. ಇಷ್ಟು ಹೇಳಿದರೂ ಕೇಳದಿದ್ದರೆ ಟಿಯೋನೆಯನ್ನು ನಿಮ್ಮ ಮನೆಗೇ ಕಳಿಸುತ್ತೇನೆ.