ಶಿವಗಣಾರಾಧನೆಯ ದಿನ ಆಡಿದ ಮಾತು

ನನ್ನ ಹೆಂಡತಿ ಜಯದೇವಿ ಲಿಂಗೈಕ್ಯಳಾದ ನಾಲ್ಕನೇ ತಿಂಗಳು ನನ್ನ ಮೇಲೆ ವಂಚನೆಯ ಎಫ್‌ಐಆರ್ ದಾಖಲಾಯಿತು. ಆರೋಪಿ ನಾನೊಬ್ಬನೇ. ಆದರೆ ದೂರಿನಲ್ಲಿ, ‘ಗಂಡ ಹೆಂಡತಿ ಸೇರಿ, ತೀರಿಸುವ ಮನಸ್ಸಿಲ್ಲದೆಯೇ ಸಾಲ ಪಡೆದು, ಒಂದು ಕಂತನ್ನೂ ಕೊಡದೆ ಮೋಸ ಮಾಡಿದ್ದಾರೆ’ ಎಂದು ಬರೆದಿತ್ತು.

ದೂರು ಕೊಟ್ಟವರು ಗೋವಿಂದರಾಜನಗರದ ಗಿರಿರಾಜ್. ಜಯದೇವಿ ವಿಜಯನಗರದಲ್ಲಿ ರೊಟ್ಟಿ ಖಾನಾವಳಿ ತೆರೆದಾಗ ಅಂಗಡಿಯ ಅಡ್ವಾನ್ಸಿಗೆಂದು ನಾಲ್ಕು ಲಕ್ಷ ಕೊಟ್ಟಿದ್ದರು. ಸಾಲಪತ್ರಕ್ಕೆ ನಾನೇ ಸಹಿ ಹಾಕಿದ್ದೆ. ಕಂತಿಗೆ ರಸೀದಿ ಕೇಳೋಣವೆಂದು ಅವಳು ಅಂದಾಗ ಬೇಡವೆಂದವನೂ ನಾನೇ. ಗಿರಿರಾಜ್, ನಾನು ಇಬ್ಬರೂ ಒಂದೇ ಮಠದ ಶಿಷ್ಯರು. ಲಿಂಗ ಕಟ್ಟಿದವರ ನಡುವೆ ರಸೀದಿ ಕೇಳುವುದು ಅವಮಾನವೆಂದು ತಿಳಿದಿದ್ದೆ. ಎರಡು ವರ್ಷ ಅವಳು ಕಂತು ಕೊಟ್ಟಳು. ಅವಳು ಹೋದ ಮೇಲೆ ಖಾನಾವಳಿ ಮುಚ್ಚಿತು, ಕಂತು ನಿಂತಿತು.

ವಕೀಲೆ ನೀಲಾಂಬಿಕಾ ಕಾಗದಗಳನ್ನು ಓದಿ ಹೇಳಿದರು: “ತೀರಿಕೊಂಡವರ ಮೇಲೆ ಕೇಸ್ ನಡೆಯಲ್ಲ ಸಾರ್. ನಿಮ್ಮನ್ನ ಬಿಡಿಸಿದ್ರೆ ಸಾಕಲ್ವಾ?”

“ಸಾಲದಮ್ಮ. ನನ್ನನ್ನ ಬೇಕಾದ್ರೆ ಒಳಗೆ ಹಾಕಲಿ. ಅವಳು ಮೋಸ ಮಾಡಿದಳು ಅನ್ನೋ ಮಾತು ಉಳೀಬಾರದು.”

ಆಕೆ ಕನ್ನಡಕ ತೆಗೆದಿಟ್ಟರು. “ಸಾಲ ತೀರಿಸದಿರೋದು ಬೇರೆ, ಮೋಸ ಬೇರೆ. ಮೊದಲಿಂದಲೇ ಕೆಟ್ಟ ಉದ್ದೇಶ ಇರಲಿಲ್ಲ ಅಂತ ತೋರಿಸಿದ್ರೆ ಹೈಕೋರ್ಟ್ ಕೇಸನ್ನೇ ರದ್ದು ಮಾಡಬಹುದು. ಕಂತು ಕೊಟ್ಟಿದ್ದಕ್ಕೆ ಏನಿದೆ? ಬ್ಯಾಂಕು, ಫೋನು?”

“ಕೈಗೇ ಕೊಟ್ಟದ್ದು.”

“ನೋಡಿದವರು?”

“ಶಿವ ನೋಡಿದಾನೆ.”

“ಅವನಿಗೆ ಸಮನ್ಸ್ ಕಳಿಸೋಕಾಗಲ್ವಲ್ಲ ಸಾರ್.”

ಪಕ್ಕದಲ್ಲಿ ಕೂತಿದ್ದ ನನ್ನ ಮಗಳು ಅನಘಾ ತಟ್ಟನೆ ಫೋನ್ ತೆಗೆದಳು. “ಅಪ್ಪಾ, ಶಿವಗಣಾರಾಧನೆ ದಿನ ಗಿರಿರಾಜ್ ಅಂಕಲ್ ಮೈಕ್ ಹಿಡಿದು ಮಾತಾಡಿದ್ರಲ್ಲ?”

ಹನ್ನೊಂದನೇ ದಿನ ಪ್ರಸಾದವಾದ ಮೇಲೆ, ಬಲ್ಲವರು ಹೋದವರ ಬಗ್ಗೆ ನಾಲ್ಕು ಮಾತಾಡುವುದು ನಮ್ಮಲ್ಲಿ ವಾಡಿಕೆ. ಹಾವೇರಿಯ ನೆಂಟರಿಗೆ ಕಳಿಸಲೆಂದು ಅನಘಾ ಅದನ್ನೆಲ್ಲ ಚಿತ್ರೀಕರಿಸಿಕೊಂಡಿದ್ದಳು. ನೋಡುವ ಧೈರ್ಯ ನನಗೆ ಬಂದಿರಲಿಲ್ಲ. ಅಂದು ನೋಡಿದೆ. ಮಲ್ಲಿಗೆ ಹಾರದೊಳಗೆ ಅವಳ ಪಟ. ಅದರ ಮುಂದೆ ನಿಂತು ಗಿರಿರಾಜ್ ಹೇಳುತ್ತಿದ್ದರು: “ಈ ತಾಯಿ ಎರಡು ವರ್ಷ, ಪ್ರತಿ ಐದನೇ ತಾರೀಖು ಸಾಲದ ಕಂತು ಹಿಡ್ಕೊಂಡು ನಮ್ಮನೆ ಬಾಗಿಲಿಗೆ ಬರ್ತಿದ್ರು. ಒಂದು ಸಲಾನೂ ತಪ್ಪಿಸ್ಲಿಲ್ಲ. ಜೊತೆಗೆ ನಾಲ್ಕು ರೊಟ್ಟಿ ಬೇರೆ.”

ನೀಲಾಂಬಿಕಾ ಕನ್ನಡಕ ಹಾಕಿಕೊಂಡರು. “ಇನ್ನೊಂದ್ಸಲ ಹಾಕಮ್ಮ,” ಎಂದರು.

ಹೈಕೋರ್ಟಿನಲ್ಲಿ ನಾನು ಹಿಂದಿನ ಬೆಂಚಿನಲ್ಲಿ ಕೂತು ಬೆರಳ ಮೇಲೆ ಪಂಚಾಕ್ಷರಿ ಎಣಿಸುತ್ತಿದ್ದೆ. ನ್ಯಾಯಾಧೀಶರು ವಿಡಿಯೊ ನೋಡಿ, ಎದುರು ವಕೀಲರನ್ನು, “ಇವರು ನಿಮ್ಮ ಕಕ್ಷಿದಾರರೇನಾ?” ಎಂದು ಕೇಳಿದರು. ವಕೀಲರು ತಿರುಗಿ ನೋಡಿದರು. ಗಿರಿರಾಜ್ ಎದ್ದು ನಿಂತರು. ಹಣೆಯಲ್ಲಿ ವಿಭೂತಿ ಇತ್ತು. ಒಂದು ಗಳಿಗೆ ನನ್ನ ಕಡೆ ನೋಡಿ, “ನಾನೇ ಸ್ವಾಮಿ,” ಎಂದರು.

ಕೇಸು ರದ್ದಾಯಿತು. ಉಳಿದ ಹಣಕ್ಕೆ ಸಿವಿಲ್ ಕೋರ್ಟಿಗೆ ಹೋಗಬಹುದೆಂದರು. ಆದೇಶದ ಪ್ರತಿ ಬಂದಾಗ ನೀಲಾಂಬಿಕಾ ಕನ್ನಡದಲ್ಲಿ ಬಿಡಿಸಿ ಹೇಳಿದರು: ದಿವಂಗತ ಜಯದೇವಿಯವರಲ್ಲಾಗಲಿ ಅರ್ಜಿದಾರರಲ್ಲಾಗಲಿ ವಂಚಿಸುವ ಉದ್ದೇಶವಿದ್ದುದು ಕಂಡುಬರುವುದಿಲ್ಲ. ನಾನು ಮೂರು ಸಲ ಹೇಳಿಸಿದೆ.

“ಬಾಯಿಪಾಠ ಆಯ್ತಾ ಸಾರ್?” ಎಂದು ಆಕೆ ನಕ್ಕರು.

ಆಗಿತ್ತು. ಅಂದು ಪೂಜೆಯಲ್ಲಿ ಆ ಮಾತನ್ನೂ ಜೋರಾಗಿ ಹೇಳಿದೆ.

ಮುಂದಿನ ಐದನೇ ತಾರೀಖು ಗಿರಿರಾಜ್ ಮನೆಗೆ ನಡೆದುಹೋದೆ. ನನ್ನ ಪಿಂಚಣಿಯಿಂದ ತೆಗೆದ ಕಂತು, ಅನಘಾ ಬಡಿದ ನಾಲ್ಕು ರೊಟ್ಟಿ. ಅಂಚು ಸೀದಿತ್ತು.

“ಗೆದ್ದವರು ದುಡ್ಡು ಯಾಕೆ ತಂದ್ರಿ?” ಎಂದರು. ತಲೆ ಎತ್ತಲಿಲ್ಲ.

“ಮೋಸ ಮಾಡಿಲ್ಲ ಅಂತ ಗೆದ್ದದ್ದು. ಸಾಲ ಇದೆಯಲ್ಲ. ಈ ಸಲ ರಸೀದಿ ಕೊಡಿ.”

ಅವರು ಪೆನ್ನು ಹುಡುಕಿ ತಂದರು. “ನಿಮ್ಮ ಹೆಸರಿಗೆ ತಾನೇ, ಶಂಭುಲಿಂಗಪ್ಪನವರೇ?”

“ಜಯದೇವಿ ಹೆಸರಿಗೆ.”

ಕೂರಲು ಕುರ್ಚಿ ತೋರಿಸಿದರು. ಅವಳ ಹೆಸರನ್ನು ಅವರು ಪೂರ್ತಿ ಬರೆದು ಸಹಿ ಹಾಕುವವರೆಗೆ ನಾನು ನಿಂತೇ ಇದ್ದೆ.