ಕಿವಿ ಮೇಸ್ತ್ರಿಯ ತಪ್ಪು

"ಆಫ್ ಮಾಡಬೇಡಯ್ಯ, ಆಮೇಲೆ ಸ್ಟಾರ್ಟೇ ಆಗಲ್ಲ," ಎಂದು ಬೋಳುತಲೆಯ ಮೆಕ್ಯಾನಿಕ್ ಶವವಾಹನದ ಕಿಟಕಿಯೊಳಗೆ ಕೈ ಹಾಕಿ ಡ್ರೈವರನ್ನು ತಡೆದ. "ನಾಲ್ಕು ಸಿಲಿಂಡರಲ್ಲಿ ಮೂರೇ ಉರೀತಿದೆ."

"ನೋಡದೇನೇ ಹೇಳ್ತೀಯಲ್ಲ?"

"ನಾನೇನು ಮಹಾ. ನಮ್ಮ ಮೇಸ್ತ್ರಿ ಎದ್ದು ಕೂತಿದ್ರೆ, ಸತ್ತಿರೋದು ಎಷ್ಟನೇದು ಅಂತ ಮಂಚದಿಂದಲೇ ಹೇಳೋರು."

ಯಾರೋ ನಕ್ಕು, ತಕ್ಷಣ ಬಾಯಿಗೆ ಕೈ ಅಡ್ಡ ಹಿಡಿದರು. ಬಾಗಿಲಲ್ಲಿ ನಿಂತಿದ್ದ ಮಗಳಿಗೆ ಎಲ್ಲವೂ ಕೇಳಿಸಿತು. ಅವಳು ಕಾಲೇಜಿನಲ್ಲಿ ಎಂಜಿನ್‌ಗಳ ಬಗ್ಗೆ ಪಾಠ ಮಾಡುವವಳು. ಒಳಗೆ ಮಲಗಿದ್ದ ಅವಳ ಅಪ್ಪ ಒಂದೇ ಗ್ಯಾರೇಜಿನಲ್ಲಿ ನಲವತ್ತು ವರ್ಷ ದುಡಿದವನು. ಸದ್ದು ಕೇಳಿಯೇ ರೋಗ ಹೇಳುತ್ತಿದ್ದುದರಿಂದ ಎಲ್ಲರಿಗೂ ಕಿವಿ ಮೇಸ್ತ್ರಿ.

ಹಜಾರದಲ್ಲಿ ಗ್ಯಾರೇಜಿನವರು ಗೋಡೆಗೊರಗಿ ಸಾಲಾಗಿ ಕೂತಿದ್ದರು. ಬೋಳುತಲೆಯವನೂ ಒಳಬಂದು ಅವರ ಜೊತೆ ಕೂತ.

"ಮೂರು ಸಿಲಿಂಡರಿನ ಗಾಡಿ ತಂದು ನಡುಗುತ್ತೆ ಅಂತ ದೂರು ಹೇಳೋರಿಗೆ ಏನಂತಿದ್ರು ಗೊತ್ತಾ? 'ಮೂರು ಜನ ಮಂಚ ಹೊತ್ತರೆ ವಾಲದೇ ಇರುತ್ತೇನ್ರಿ' ಅಂತ."

"ಆರಾದ್ರೆ?" ಎಂದ ಪಕ್ಕದ ಮನೆಯ ದರ್ಜಿ.

"ಒಂದರ ಏಟನ್ನ ಇನ್ನೊಂದು ನುಂಗಿಕೊಳ್ಳುತ್ತೆ. ಓಡ್ತಿರೋ ಎಂಜಿನ್ ಮೇಲೆ ನಾಣ್ಯ ನಿಲ್ಲಿಸಿ ತೋರಿಸೋರು."

"ಹಾಗಾದ್ರೆ ಎಲ್ಲದಕ್ಕೂ ಆರೇ ಇಡಬಾರದಾ?"

"ಇಟ್ಟರೆ ಬಾನೆಟ್ಟು ನಿನ್ನ ಅಂಗಡಿಗಿಂತ ಉದ್ದ ಆಗುತ್ತೆ. ಭಾರ ಬೇರೆ. ಪೆಟ್ರೋಲಂತೂ ಗಟಗಟ ಕುಡಿಯುತ್ತೆ. ಕೆಡೋದಕ್ಕೂ ಜಾಗ ಜಾಸ್ತಿ." ಬೋಳುತಲೆಯವನು ದನಿ ತಗ್ಗಿಸಿದ. "ಕೊನೆಗೆ ಆ ಆರೇ ಅವರ ಮರ್ಯಾದೆ ಕಳೀತು."

ಮಗಳು ಮುಖ ತಿರುಗಿಸಿಕೊಂಡಳು.

*

ಮೂರು ತಿಂಗಳ ಹಿಂದೆ ಅವಳು ಪಾಠಕ್ಕೆ ಬೇಕೆಂದು ಫೋಟೋ ತೆಗೆಯಲು ಗ್ಯಾರೇಜಿಗೆ ಹೋಗಿದ್ದಳು. ಆರು ಸಿಲಿಂಡರಿನ ಹಳೆಯ ಕಾರೊಂದನ್ನು ಅಪ್ಪ ರಿಪೇರಿ ಮುಗಿಸಿ ನಿಲ್ಲಿಸಿದ್ದ. ಅವನು ಕೈ ತೊಳೆಯಲು ಹೋದಾಗ, ಸಿಲಿಂಡರುಗಳಿಗೆ ಸರದಿಯಂತೆ ಕಿಡಿ ಹಂಚುವ ಮುಚ್ಚಳದಿಂದ ಆರೂ ವೈರುಗಳನ್ನು ಕಿತ್ತು ಅವಳು ಚಿತ್ರ ತೆಗೆದಳು. ಮತ್ತೆ ಸಿಕ್ಕಿಸಿದಳು: ಒಂದು, ಐದು, ಮೂರು, ಆರು, ಎರಡು, ನಾಲ್ಕು. ನಿದ್ದೆಯಲ್ಲಿ ಕೇಳಿದರೂ ತಪ್ಪದ ಸರದಿ. ಪುಸ್ತಕದ ಚಿತ್ರದಲ್ಲಿದ್ದಂತೆ, ಗಡಿಯಾರದ ಮುಳ್ಳು ಸುತ್ತುವ ದಿಕ್ಕಿನಲ್ಲಿ. ಆದರೆ ಆ ಎಂಜಿನ್ನಿನಲ್ಲಿ ಕಿಡಿ ಉಲ್ಟಾ ಸುತ್ತುತ್ತಿತ್ತು; ಸರದಿ ಸರಿಯಿದ್ದರೂ ವೈರುಗಳು ತಪ್ಪು ಜಾಗ ಸೇರಿದ್ದವು.

ಅಷ್ಟರಲ್ಲಿ ಕಾರಿನವನು ಬಂದ. ಅಪ್ಪ ನಗುತ್ತಾ ಕೂತು ಕೀಲಿ ತಿರುಗಿಸಿದ. ಎಂಜಿನ್ ಕೆಮ್ಮಿತು, ಸೈಲೆನ್ಸರು ಢಮಾರೆಂದು ಬಿರಿಯಿತು.

"ಇಂಥ ಗಾಡಿನ ಮುದುಕರ ಕೈಗೆ ಕೊಡ್ತೀರಾ?" ಎಂದು ಕಾರಿನವನು ಕೂಗಾಡಿದ.

ಗ್ಯಾರೇಜಿನ ಯಜಮಾನ ಎಲ್ಲರೆದುರು ಅಪ್ಪನ ಮೇಲೆ ಹರಿಹಾಯ್ದ. "ಕಿವಿಯಂತೆ ಕಿವಿ! ನಾಳೆಯಿಂದ ಗೇಟಲ್ಲಿ ಕೂತು ಟೋಕನ್ ಕೊಡಿ, ಸಾಕು."

ಅಪ್ಪ ಬಾನೆಟ್ಟಿನೊಳಗೆ ಬಗ್ಗಿದ. ಒಂದೇ ನೋಟಕ್ಕೆ ತಿಳಿಯಿತು. ತಲೆಯೆತ್ತಿದಾಗ ಮಗಳು ಕರವಸ್ತ್ರದಲ್ಲಿ ಬೆರಳು ಒರೆಸಿಕೊಳ್ಳುತ್ತಿದ್ದಳು.

"ತಪ್ಪಾಯ್ತು ಯಜಮಾನ್ರೇ," ಎಂದ. "ಕಣ್ಣು ಮಂಜಾಗಿದೆ."

ಮನೆಗೆ ಮರಳುವಾಗ ಬಸ್ಸಿನಲ್ಲಿ ಅವನು ಆಡಿದ್ದು ಒಂದೇ ಮಾತು. "ಪಾಠ ಮಾಡುವಾಗ ಸುತ್ತೋ ದಿಕ್ಕನ್ನೂ ಹೇಳಮ್ಮ."

ಅವಳು ಕಿಟಕಿಯಾಚೆ ನೋಡುತ್ತ ಹೂಂ ಎಂದಿದ್ದಳು.

*

ಗ್ಯಾರೇಜಿನ ಯಜಮಾನ ಬಂದು ಹಾರವಿಟ್ಟು, ನೇರ ಅವಳ ಬಳಿಗೇ ಬಂದ. ಮುಖ ಇಳಿದುಹೋಗಿತ್ತು.

"ಒಂದು ಮಾತು ಕೇಳ್ತೀನಮ್ಮ. ಅವತ್ತು ನೀನೂ ಅಲ್ಲೇ ಇದ್ದೆ. ನಲವತ್ತು ವರ್ಷದಲ್ಲಿ ಒಂದು ವೈರು ಆಚೀಚೆ ಮಾಡಿದವರಲ್ಲ ಅವರು. ಬೇರೆ ಯಾರಾದ್ರೂ ಕೈ ಹಾಕಿದ್ರಾ? ನಾನು ಅಂದ ಮಾತು ಇನ್ನೂ ಕೊರೀತಿದೆ."

ಗ್ಯಾರೇಜಿನವರೆಲ್ಲ ಅವಳತ್ತ ನೋಡಿದರು. ಕುರ್ಚಿಯಲ್ಲಿದ್ದ ಅವಳ ಪ್ರಿನ್ಸಿಪಾಲರೂ ನೋಡಿದರು. ಹೇಳಿಬಿಡಬೇಕು, ಈಗಲೇ, ಅಪ್ಪ ಇನ್ನೂ ಮನೆಯಲ್ಲಿರುವಾಗಲೇ, ಅಂದುಕೊಂಡು ಅವಳು ಬಾಯಿ ತೆರೆದಳು.

"ಅಪ್ಪನಿಗೆ ಕೊನೆಕೊನೆಗೆ ಮರೆವು ಜಾಸ್ತಿಯಾಗಿತ್ತು."

"ಹೌದಾ," ಎಂದು ಯಜಮಾನ ದೀರ್ಘವಾಗಿ ಉಸಿರುಬಿಟ್ಟ. "ನಾನೂ ಹಾಗೇ ಅಂದ್ಕೊಂಡೆ."

ಮಂಚದ ಪಕ್ಕ ಕೂತಿದ್ದ ಅಮ್ಮ ತಲೆಯೆತ್ತಿದಳು. "ಅವರಿಗಾ? ಮರೆವಾ?"

ಪ್ರಿನ್ಸಿಪಾಲರು ಎದ್ದು ಬಂದರು. "ಧೈರ್ಯ ತಂದ್ಕೊಳ್ಳಿ ಮೇಡಂ. ನಿಮ್ಮನ್ನ ಈ ಮಟ್ಟಕ್ಕೆ ಓದಿಸಿದ್ರಲ್ಲ, ಅವರ ಬದುಕು ಸಾರ್ಥಕ."

ಅವಳಿಗೆ ಕಿವಿಯವರೆಗೂ ಬಿಸಿಯೇರಿತು. ಅದನ್ನು ಅವರು ದುಃಖವೆಂದೇ ತಿಳಿದರು.

ಎತ್ತುವವರು ಸುತ್ತ ನಿಂತರು. "ಹೊದಿಕೆ ಸರಿಮಾಡು ತಂಗಿ," ಎಂದ ಬೋಳುತಲೆಯವನು. ಅವಳು ಬಗ್ಗಿದಾಗ ಅಮ್ಮ ಮೊಣಕೈ ಹಿಡಿದು ಪಿಸುಗುಟ್ಟಿದಳು.

"ಯಾಕೆ ಹಾಗಂದೆ?"

"ಆಮೇಲೆ ಹೇಳ್ತೀನಮ್ಮ."

ಆಮೇಲೂ ಹೇಳುವುದಿಲ್ಲ, ಅಮ್ಮನಿಗೂ ಇಲ್ಲ, ಯಾರಿಗೂ ಇಲ್ಲ ಎಂದು ಆ ಮಾತು ಆಡುವಾಗಲೇ ತೀರ್ಮಾನಿಸಿದ್ದಳು. ಸ್ನಾನ ಮಾಡಿಸಿದ್ದರೂ ಅಪ್ಪನ ಉಗುರುಗಳ ಅಂಚಿನಲ್ಲಿ ಕಪ್ಪು ಗೆರೆ ಹಾಗೇ ಉಳಿದಿತ್ತು. ಆ ಕೈಯನ್ನು ಬಿಳಿ ಬಟ್ಟೆಯೊಳಗೆ ಸೇರಿಸಿ, ಮತ್ತೆ ಹೊರಗೆ ಜಾರದಂತೆ ಅಂಚನ್ನು ಬಿಗಿಯಾಗಿ ಒತ್ತಿ ಸಿಕ್ಕಿಸಿದಳು.